ಮಾನೇಸರದಲ್ಲೊಂದು ಸಂಜೆ ಸುತ್ತು

ಸಂಜೆ ಸುತ್ತು ಎಂದರೆ, ಊರು ದಿನದ ದುಡಿಮೆ ಮುಗಿಸಿ ಮುಖ ತೊಳೆದುಕೊಂಡ ಮೇಲೆ ಅದನ್ನು ನೋಡಲು ಹೋಗುವುದು. ಹಗಲಿನಲ್ಲಿ ಎಲ್ಲವೂ ಕಣ್ಣಿಗೆ ಕಾಣುವುದರಿಂದ ಗೈಡ್ ಹೇಳುವುದನ್ನು ಯಾರೂ ಕಿವಿಗೊಟ್ಟು ಕೇಳುವುದಿಲ್ಲ. ಕತ್ತಲಾದ ಮೇಲೆ ದೀಪದ ಬೆಳಕು ಬಿದ್ದಷ್ಟು ಮಾತ್ರ ಕಾಣುತ್ತದೆ. ಉಳಿದದ್ದನ್ನು ಗೈಡ್ ಬಾಯಿಂದಲೇ ಕಟ್ಟಿಕೊಡಬೇಕು. ಹೀಗಾಗಿ ಸಂಜೆಯ ಗೈಡ್ ಅರ್ಧ ಹರಿಕಥೆ ದಾಸನಾಗಿರುತ್ತಾನೆ. ಇಸವಿ ತಪ್ಪಿದರೂ ಜನ ಕ್ಷಮಿಸುತ್ತಾರೆ, ಕಥೆ ಸಪ್ಪೆಯಾದರೆ ಕ್ಷಮಿಸುವುದಿಲ್ಲ.

ಈ ಕಲೆ ಬಹಳ ಚೆನ್ನಾಗಿ ಕುದುರಿರುವ ಊರುಗಳಲ್ಲಿ ಮೆಕ್ಸಿಕೊದ ಗ್ವಾನಹ್ವಾತೊ ಒಂದು. ಬೆಳ್ಳಿ ಗಣಿಯಿಂದ ಹುಟ್ಟಿ, ಇಕ್ಕಟ್ಟಾದ ಕಣಿವೆಯಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಬೆಳೆದ ಊರು ಅದು. ಹಳೆಯ ಊರನ್ನೂ ಗಣಿಗಳನ್ನೂ ಒಟ್ಟಿಗೆ ಯುನೆಸ್ಕೊ 1988ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಸಂಜೆಯಾದರೆ ಅಲ್ಲಿನ ಸಾನ್ ದಿಯೇಗೊ ಚರ್ಚಿನ ಮೆಟ್ಟಿಲ ಬಳಿ, ಹ್ವಾರೆಸ್ ನಾಟಕಶಾಲೆಯ ಪಕ್ಕದಲ್ಲಿ, ಕಪ್ಪು ಮಖಮಲ್ಲಿನ ಅಂಗಿ ಮತ್ತು ರಿಬ್ಬನ್ ಇಳಿಬಿಟ್ಟ ನಿಲುವಂಗಿ ತೊಟ್ಟ ಹಾಡುಗಾರರ ಮೇಳ ಸೇರುತ್ತದೆ. ಮೇಳದ ಹೆಸರು ಎಸ್ತುದಿಯಾಂತಿನಾ. ಹಳೇ ಕಾಲದ ಸ್ಪೇನಿನಲ್ಲಿ ಬಡ ವಿದ್ಯಾರ್ಥಿಗಳು ಬೀದಿಯಲ್ಲಿ ಹಾಡಿ ಊಟ ಸಂಪಾದಿಸುತ್ತಿದ್ದ ಪದ್ಧತಿಯ ನೆನಪು ಅದು. ನಮ್ಮ ವಾರಾನ್ನದ ಹುಡುಗರಿಗೆ ಗಿಟಾರ್ ಕೊಟ್ಟಂತೆ. ಮೇಳ ಹಾಡುತ್ತ ಗಲ್ಲಿಯಿಂದ ಗಲ್ಲಿಗೆ ನಡೆಯುತ್ತದೆ, ಜನ ಹಿಂದೆ ನಡೆಯುತ್ತಾರೆ. ಗಲ್ಲಿಗೆ ಅವರ ಭಾಷೆಯಲ್ಲಿ ಕಯ್ಯೆಹೋನ್, ಈ ನಡಿಗೆಗೆ ಕಯ್ಯೆಹೋನೆಯಾದಾ. ಅತಿ ಕಿರಿದಾದ ಜಾಗದಲ್ಲಿ 68 ಸೆಂಟಿಮೀಟರಿಗೆ ಇಳಿಯುವ ಒಂದು ಗಲ್ಲಿಗೆ ಮುತ್ತಿನ ಗಲ್ಲಿ ಎಂದೇ ಹೆಸರು. ಎದುರು ಬದುರು ಬಾಲ್ಕನಿಗಳಲ್ಲಿ ಪ್ರೇಮಿಸಿದ ಹುಡುಗ ಹುಡುಗಿಯ ದುರಂತ ಕಥೆಯನ್ನು ಗೈಡ್ ಅಲ್ಲಿ ಹೇಳುತ್ತಾನೆ. ಮೂರನೆಯ ಮೆಟ್ಟಿಲ ಮೇಲೆ ನಿಂತು ಮುತ್ತಿಟ್ಟ ಜೋಡಿಗೆ ಏಳು ವರ್ಷ ಅದೃಷ್ಟವಂತೆ. ಎಂಟನೆಯ ವರ್ಷದ ಮಾತನ್ನು ಗೈಡ್ ಎತ್ತುವುದಿಲ್ಲ.

ಆ ನಡಿಗೆ ಅಷ್ಟು ಸುಖವಾಗಿರುವುದಕ್ಕೆ ಹಾಡಿನಷ್ಟೇ ದೊಡ್ಡ ಕಾರಣ ನೆಲದಡಿ ಇದೆ. ಪದೇ ಪದೇ ಪ್ರವಾಹ ತರುತ್ತಿದ್ದ ನದಿಯನ್ನು ಊರಿನವರು ಬೇರೆ ಕಡೆಗೆ ತಿರುಗಿಸಿ, ಅದರ ಹಳೆಯ ಪಾತ್ರವನ್ನೇ ಸುರಂಗ ರಸ್ತೆಯಾಗಿ ಮಾಡಿಕೊಂಡರು. ಮೋಟಾರುಗಳು ಕೆಳಗೆ ಹೋದವು, ಮನುಷ್ಯನಿಗೆ ಮೇಲಿನ ಗಲ್ಲಿ ಉಳಿಯಿತು.

ಕನ್ನಡ ನಾಡಿನಲ್ಲಿ ಇದಕ್ಕೆ ಹತ್ತಿರದ್ದು ಮೈಸೂರಿನ ದಸರಾ ದೀಪಾಲಂಕಾರ ನೋಡಿಸುವ ಅಂಬಾರಿ ಬಸ್ಸು. ರಾಜ್ಯ ಪ್ರವಾಸೋದ್ಯಮ ಅಭಿವೃದ್ಧಿ ನಿಗಮದ ಈ ಡಬಲ್ ಡೆಕ್ಕರಿನ ಮೇಲಂತಸ್ತಿಗೆ ಮಾಡು ಇಲ್ಲ. ಮೇಲೆ ಕೂತವರಿಗೆ ಊರು ಆನೆಯ ಮೇಲಿಂದ ಕಂಡಂತೆ ಕಾಣಬೇಕೆಂಬ ಆಸೆ ಹೆಸರಿನಲ್ಲೇ ಇದೆ. ಆದರೆ ಮೈಸೂರು, ಗ್ವಾನಹ್ವಾತೊ ಎರಡೂ ನೋಡಿಸಿಕೊಳ್ಳಲು ಸಿದ್ಧವಾಗಿ ಕೂತ ಊರುಗಳು. ಯಾರೂ ನೋಡಲು ಬರದ ಊರಿನಲ್ಲಿ ಸಂಜೆ ಸುತ್ತು ಹೇಗಿರುತ್ತದೆಂದು ತಿಳಿಯಲು ಹರಿಯಾಣದ ಮಾನೇಸರ್‌ಗಿಂತ ಒಳ್ಳೆಯ ಜಾಗ ಸಿಗುವುದು ಕಷ್ಟ.

ಮಾನೇಸರ್ ಇರುವುದು ಗುರುಗ್ರಾಮ ಜಿಲ್ಲೆಯಲ್ಲಿ, ದೆಹಲಿ ವಿಮಾನ ನಿಲ್ದಾಣದಿಂದ ಸುಮಾರು 30 ಕಿಲೋಮೀಟರ್ ದೂರದಲ್ಲಿ, ಜೈಪುರಕ್ಕೆ ಹೋಗುವ ರಾಷ್ಟ್ರೀಯ ಹೆದ್ದಾರಿ 48ರ ಮೇಲೆ. ಈ 48 ಎಂಬ ಸಂಖ್ಯೆ ಕನ್ನಡಿಗರಿಗೆ ಹೊಸದಲ್ಲ. ಮಾನೇಸರದ ಚೌಕದಲ್ಲಿ ದೂಳೆಬ್ಬಿಸುವ ಅದೇ ರಸ್ತೆ ಮುಂಬೈ, ಪುಣೆ, ಕೊಲ್ಹಾಪುರ ದಾಟಿ ಬೆಳಗಾವಿಗೆ ಬಂದು, ಹುಬ್ಬಳ್ಳಿ, ದಾವಣಗೆರೆ, ಚಿತ್ರದುರ್ಗ, ತುಮಕೂರು ಮುಟ್ಟಿ, ಬೆಂಗಳೂರಿನ ಮೂಲಕ ಚೆನ್ನೈಗೆ ಹೋಗುತ್ತದೆ. ಒಟ್ಟು ಉದ್ದ 2,800 ಕಿಲೋಮೀಟರಿನಷ್ಟು. ಹಾಗೆ ನೋಡಿದರೆ ಮಾನೇಸರವೂ ತುಮಕೂರೂ ಒಂದೇ ಬೀದಿಯ ಮನೆಗಳು, ನಡುವೆ ಸ್ವಲ್ಪ ಅಂತರ ಇದೆ ಅಷ್ಟೆ.

ಸುತ್ತು ಶುರುವಾಗಬೇಕಾದ್ದು ಹಳ್ಳಿಯಿಂದ. ಮಾನೇಸರ್ ಮೊದಲು ಅರಾವಳಿಯ ಬುಡದಲ್ಲಿದ್ದ ಒಂದು ಹಳ್ಳಿ. ಸಜ್ಜೆ, ಸಾಸಿವೆ, ಗೋಧಿ ಬೆಳೆಯುತ್ತಿದ್ದ, ಎಮ್ಮೆ ಕಟ್ಟುತ್ತಿದ್ದ ಅಹೀರರ ಸೀಮೆ. ತೊಂಬತ್ತರ ದಶಕದಿಂದ ಹರಿಯಾಣದ ಕೈಗಾರಿಕಾ ಅಭಿವೃದ್ಧಿ ನಿಗಮ ಇಲ್ಲಿ ಮಾದರಿ ಕೈಗಾರಿಕಾ ಪಟ್ಟಣವನ್ನು ಎಬ್ಬಿಸಿತು. ಜನ ಅದನ್ನು ಐಎಂಟಿ ಎಂದೇ ಕರೆಯುತ್ತಾರೆ. ಹೊಲ ಕೊಟ್ಟವರ ಕೈಗೆ ಹಣ ಬಂತು, ಹಣದಿಂದ ಮನೆಗಳು ಎದ್ದವು. ಎಲ್ಲರ ಕೈಗೂ ಸರಿಯಾದ ಹಣ ಬರಲಿಲ್ಲ ಎಂಬುದೂ ದಾಖಲೆಯ ಮಾತು. ಸರ್ಕಾರ ಭೂಸ್ವಾಧೀನ ಮಾಡುತ್ತದೆಂಬ ಭಯಕ್ಕೆ ಮಾನೇಸರ್, ನೌರಂಗಪುರ, ಲಖನೌಲಾ ಹಳ್ಳಿಗಳ ರೈತರು ಸುಮಾರು 400 ಎಕರೆಯನ್ನು ಅಗ್ಗಕ್ಕೆ ಮಾರಿಕೊಂಡರು, ಆಮೇಲೆ ಸ್ವಾಧೀನವನ್ನೇ ಕೈಬಿಡಲಾಯಿತು. ಈ ಪ್ರಕರಣ ಸುಪ್ರೀಂ ಕೋರ್ಟಿನವರೆಗೆ ಹೋಗಿ, 2018ರ ಮಾರ್ಚಿನಲ್ಲಿ ರೈತರ ಪರವಾಗಿ ತೀರ್ಪಾಯಿತು. ಸಂಜೆ ಹೊತ್ತು ಹಳ್ಳಿಯ ಒಳಬೀದಿಯಲ್ಲಿ ಮಂಚದ ಮೇಲೆ ಕೂತು ಹುಕ್ಕಾ ಎಳೆಯುವ ಹಿರಿಯರಿಗೆ ಈ ಲೆಕ್ಕವೆಲ್ಲ ಎಕರೆ ಎಕರೆಯಾಗಿ ಬಾಯಿಪಾಠ. ಯಾರ ಹೊಲದ ಮೇಲೆ ಯಾವ ಕಂಪನಿ ನಿಂತಿದೆ ಎಂಬುದನ್ನು ಅವರು ಬೆರಳು ತೋರಿಸಿ ಹೇಳಬಲ್ಲರು. ಪುರಾತತ್ವ ಇಲಾಖೆಯ ಫಲಕಕ್ಕಿಂತ ಇದು ಖಚಿತವಾದ ಸ್ಥಳಪುರಾಣ.

ಪುರಾಣದ ಮಾತು ಬಂದದ್ದರಿಂದ ಒಂದು ವಿಷಯ. ಪಕ್ಕದ ಗುಡಗಾಂವ್ ದ್ರೋಣಾಚಾರ್ಯರಿಗೆ ಸಂದ ಊರು ಎಂಬ ನಂಬಿಕೆಯ ಮೇಲೆ 2016ರಲ್ಲಿ ಅದಕ್ಕೆ ಗುರುಗ್ರಾಮ ಎಂದು ಮರುನಾಮಕರಣವಾಯಿತು. ಒಂದು ಹೆಸರಿನಿಂದ ಗೈಡುಗಳಿಗೆ ಹತ್ತು ನಿಮಿಷದ ಭಾಷಣ ಸಿಕ್ಕಿತು. ಮಾನೇಸರಕ್ಕೆ ಅಂಥ ಅದೃಷ್ಟ ಒದಗಿಲ್ಲ. ಅದಕ್ಕೆ ಸಿಕ್ಕಿದ್ದು 2020ರ ಕೊನೆಯಲ್ಲಿ ಒಂದು ನಗರ ಪಾಲಿಕೆ. ಮೊದಲ ಚುನಾವಣೆ ನಡೆಯುವ ಹೊತ್ತಿಗೆ 2025 ಬಂದಿತ್ತು. ಪಾಲಿಕೆ ಮೊದಲು, ಊರು ಆಮೇಲೆ ಎಂಬಂತಿರುವ ಈ ವ್ಯವಸ್ಥೆಯನ್ನು ಬಿಡದಿಯನ್ನು ಕಂಡವರು ಸುಲಭವಾಗಿ ಅರ್ಥಮಾಡಿಕೊಂಡಾರು. ಅಲ್ಲಿಯೂ ಟೊಯೋಟಾ ಬಂದ ಮೇಲೆ ಊರಿನ ಗಡಿಯಾರ ಕಾರ್ಖಾನೆಯ ಕಡೆಗೆ ತಿರುಗಿತು. ಬಿಡದಿಗೆ ತಟ್ಟೆ ಇಡ್ಲಿಯ ಹೆಸರಾದರೂ ಉಳಿದಿದೆ.

ಹಳ್ಳಿಯಿಂದ ಐಎಂಟಿಗೆ ಕಾಲಿಟ್ಟರೆ ರಸ್ತೆಗಳು ಥಟ್ಟನೆ ನೆಟ್ಟಗಾಗುತ್ತವೆ. ಗಲ್ಲಿ ಎಂಬುದೇ ಇಲ್ಲ. ಸೆಕ್ಟರ್, ಪ್ಲಾಟ್ ನಂಬರ್, ಗೋಡೆ, ಗೇಟು. ಹೋಂಡಾ ತನ್ನ ಭಾರತದ ಮೊದಲ ದ್ವಿಚಕ್ರ ಕಾರ್ಖಾನೆಯನ್ನು ಇಲ್ಲಿ ತೆರೆದದ್ದು 2001ರಲ್ಲಿ. ದೇಶದ ಮೂಲೆ ಮೂಲೆಯಲ್ಲಿ ತರಕಾರಿ ಚೀಲ ಹೊರುವ ಆಕ್ಟಿವಾ ಇಲ್ಲಿಂದ ಹೊರಟಿತು. ಮಾರುತಿ ಸುಜುಕಿಯ ಕಾರ್ಖಾನೆ 600 ಎಕರೆಯಲ್ಲಿ ಹರಡಿಕೊಂಡಿದೆ, 2007ರಲ್ಲಿ ಉದ್ಘಾಟನೆಯಾಯಿತು. ಒಂದು ನಿಮಿಷ ತುಂಬುವ ಮೊದಲೇ ಒಂದು ಕಾರು ಸಾಲಿನಿಂದ ಹೊರಬರುವ ವೇಗ ಅದರದು. 2025ರಿಂದ ಕಾರ್ಖಾನೆಯ ಒಳಗಿನಿಂದಲೇ ಕಾರುಗಳನ್ನು ಗೂಡ್ಸ್ ರೈಲಿಗೆ ಏರಿಸುವ ವ್ಯವಸ್ಥೆಯೂ ಇದೆ. ಸುತ್ತಲೂ ಬಿಡಿಭಾಗ ಮಾಡುವ ಕಾರ್ಖಾನೆಗಳು: ಸೀಟು, ಬ್ರೇಕು, ಗಾಜು, ವೈರಿಂಗು. ವಾಹನಗಳನ್ನು ಪರೀಕ್ಷಿಸಿ ರಸ್ತೆಗೆ ಇಳಿಯಬಹುದು ಎಂಬ ಮೊಹರು ಒತ್ತುವ ಐಕ್ಯಾಟ್ ಸಂಸ್ಥೆಯೂ ಇಲ್ಲೇ ಇದೆ.

ಹೊರಗಿನವನಿಗೆ ಗೋಡೆಯ ಆಚೆ ಪ್ರವೇಶವಿಲ್ಲ. ಅವನಿಗೆ ಸಿಗುವ ದೃಶ್ಯ ಪಾಳಿ ಬದಲಾಗುವುದು. ಮಧ್ಯಾಹ್ನ ಮೂರು ಮೂರೂವರೆಗೆ ಒಂದು ಅಲೆ. ಸಂಜೆ ಕಚೇರಿ ವೇಳೆಯವರದು ಮತ್ತೊಂದು. ಹಲವು ಸಣ್ಣ ಕಾರ್ಖಾನೆಗಳಲ್ಲಿ ಹನ್ನೆರಡು ಗಂಟೆಯ ಪಾಳಿ ರೂಢಿಯಾದ್ದರಿಂದ ರಾತ್ರಿ ಎಂಟರ ಸುಮಾರಿಗೆ ಇನ್ನೊಂದು. ಮೂರರಲ್ಲಿ ನೋಡತಕ್ಕದ್ದು ಕೊನೆಯದೇ. ಗೇಟು ತೆರೆಯುತ್ತದೆ, ಬೂದು, ನೀಲಿ, ಖಾಕಿ ಅಂಗಿಗಳ ಹೊಳೆ ಹರಿಯುತ್ತದೆ. ಅಂಗಿಯ ಬಣ್ಣವನ್ನು ಓದಲು ಬಂದರೆ ಯಾರು ಯಾವ ಕಂಪನಿ ಎಂಬುದು ತಿಳಿಯುತ್ತದೆ. ಕಾಯಂ ಯಾರು, ಗುತ್ತಿಗೆಯವ ಯಾರು ಎಂಬುದು ಎಷ್ಟೋ ಕಡೆ ಕಂಪನಿ ಬಸ್ಸು ಹತ್ತುವಾಗ ತಿಳಿಯುತ್ತದೆ: ಕಾಯಂ ನೌಕರ ಬಸ್ಸು ಹತ್ತುತ್ತಾನೆ, ಗುತ್ತಿಗೆಯವ ಶೇರ್ ಆಟೊಗೆ ಕೈ ಅಡ್ಡ ಹಿಡಿಯುತ್ತಾನೆ, ಇಲ್ಲವೇ ನಡೆಯುತ್ತಾನೆ. ಇಲ್ಲಿ ಮೇಳವಿಲ್ಲ, ಗಿಟಾರಿಲ್ಲ. ಹಾಡು ಎಂಬುದು ಇದ್ದರೆ ನೂರಾರು ಮೊಬೈಲುಗಳಿಂದ ಏಕಕಾಲಕ್ಕೆ ಹೊರಡುವ ಭೋಜಪುರಿ, ಹರಿಯಾಣವಿ ಹಾಡುಗಳ ಕಲಸು. ಅದನ್ನು ಸಂಗೀತ ಎನ್ನಲು ಧೈರ್ಯ ಬೇಕು.

ಈ ಗೇಟುಗಳ ಮುಂದೆ ನಿಂತು ಚರಿತ್ರೆ ಹೇಳದಿದ್ದರೆ ಗೈಡ್ ತನ್ನ ಕೆಲಸ ಮಾಡಲಿಲ್ಲ ಎಂದೇ ಅರ್ಥ. 2005ರ ಜುಲೈನಲ್ಲಿ ಹೋಂಡಾ ಕಾರ್ಮಿಕರ ಮೇಲೆ ಗುಡಗಾಂವ್‌ನಲ್ಲಿ ನಡೆದ ಲಾಠಿ ಪ್ರಹಾರವನ್ನು ದೇಶ ಟಿ.ವಿ.ಯಲ್ಲಿ ನೋಡಿತು. 2011ರಲ್ಲಿ ಮಾರುತಿಯ ಮಾನೇಸರ್ ಕಾರ್ಖಾನೆಯಲ್ಲಿ ಮುಷ್ಕರಗಳಾದವು. ತಮ್ಮದೇ ಸಂಘ ಬೇಕೆಂಬುದು ಮುಖ್ಯ ಬೇಡಿಕೆ, ಏಳು ನಿಮಿಷದ ಚಹಾ ವಿರಾಮ ಎಂಬುದು ದೂರುಗಳಲ್ಲಿ ಒಂದು. ಚಹಾ ಕುಡಿದು, ಶೌಚಕ್ಕೆ ಹೋಗಿ, ಏಳು ನಿಮಿಷದಲ್ಲಿ ಸಾಲಿಗೆ ಮರಳಬೇಕಿತ್ತು. 2012ರ ಜುಲೈ 18ರಂದು ಹಿಂಸಾಚಾರ ನಡೆದು, ಬೆಂಕಿ ಬಿದ್ದು, ಮಾನವ ಸಂಪನ್ಮೂಲ ವಿಭಾಗದ ಹಿರಿಯ ಅಧಿಕಾರಿಯೊಬ್ಬರು ಸತ್ತರು. ಕಾರ್ಖಾನೆ ಒಂದು ತಿಂಗಳು ಮುಚ್ಚಿತ್ತು. 2017ರಲ್ಲಿ ನ್ಯಾಯಾಲಯ 31 ಮಂದಿಯನ್ನು ತಪ್ಪಿತಸ್ಥರೆಂದಿತು, 13 ಮಂದಿಗೆ ಜೀವಾವಧಿ ಶಿಕ್ಷೆಯಾಯಿತು, 117 ಮಂದಿ ಖುಲಾಸೆಯಾದರು. ಖುಲಾಸೆಯಾದವರಲ್ಲಿ ಬಹಳ ಮಂದಿ ಅದಕ್ಕೆ ಮೊದಲು ವರ್ಷಗಟ್ಟಲೆ ಜೈಲಿನಲ್ಲಿದ್ದವರು. ಗ್ವಾನಹ್ವಾತೊದ ಪ್ರೇಮಿಗಳ ಕಥೆಯಷ್ಟೇ ದುರಂತ ಇದರಲ್ಲಿ ಇದೆ. ಇಲ್ಲಿ ಮೂರನೆಯ ಮೆಟ್ಟಿಲಿಲ್ಲ.

ಕೆಲಸ ಬಿಟ್ಟವರ ಹಿಂದೆಯೇ ನಡೆದರೆ ಸುತ್ತು ಅಲಿಯರ್, ಢಾಣಾ, ಕಾಸನ್, ಖೋಹ್ ಹಳ್ಳಿಗಳಿಗೆ ಕರೆದೊಯ್ಯುತ್ತದೆ. ಮಾನೇಸರದ ನಿಜವಾದ ಗಲ್ಲಿಗಳು ಇರುವುದು ಇಲ್ಲಿ. ಹೊಲ ಕಳೆದುಕೊಂಡ ಹಳ್ಳಿಗರು ಉಳಿದ ಜಾಗದಲ್ಲಿ ಸಾಲು ಕೋಣೆಗಳನ್ನು ಕಟ್ಟಿಸಿ ಬಾಡಿಗೆಗೆ ಬಿಟ್ಟಿದ್ದಾರೆ. ನೆಲದಲ್ಲಿ ಒಂದು ಸಾಲು, ಮೇಲೆ ಇನ್ನೊಂದು, ಅದರ ಮೇಲೆ ಮತ್ತೊಂದು. ಸಜ್ಜೆಯ ಬದಲು ಕೋಣೆ ಬೆಳೆಯುವ ಬೇಸಾಯ ಇದು. ಮಳೆಯ ಹಂಗಿಲ್ಲ, ವರ್ಷಕ್ಕೆ ಹನ್ನೆರಡು ಕೊಯ್ಲು. ಒಂದು ಕೋಣೆಯಲ್ಲಿ ಮೂರು ನಾಲ್ಕು ಹುಡುಗರು. ಬಿಹಾರ, ಉತ್ತರ ಪ್ರದೇಶ, ಒಡಿಶಾ, ರಾಜಸ್ಥಾನ, ಹರಿಯಾಣದ್ದೇ ಬೇರೆ ಜಿಲ್ಲೆಗಳು. ಪಾಳಿ ಬೇರೆ ಬೇರೆಯಾದರೆ ಒಬ್ಬ ಎದ್ದ ಹಾಸಿಗೆಯಲ್ಲಿ ಇನ್ನೊಬ್ಬ ಮಲಗುತ್ತಾನೆ. ಕೆಳಗಿನ ಕಿರಾಣಿ ಅಂಗಡಿ ಸಾಮಾನ್ಯವಾಗಿ ಮನೆ ಮಾಲೀಕನದೇ. ಅಕ್ಕಿ ಬೇಳೆ ಅಲ್ಲಿಯೇ ಕೊಳ್ಳಬೇಕೆಂಬುದು ಹಲವೆಡೆ ಬರೆಯದ ಕರಾರು.

ರಾತ್ರಿ ಒಂಬತ್ತರ ಹೊತ್ತಿಗೆ ಈ ಗಲ್ಲಿಗಳಿಗೆ ಜೀವ ಬರುತ್ತದೆ. ತಳ್ಳುಗಾಡಿಗಳಲ್ಲಿ ಲಿಟ್ಟಿ ಸುಡುವ ಹೊಗೆ, ಚೌಮೀನ್ ಬಾಣಲೆಯ ಸದ್ದು, ಮೊಟ್ಟೆ ಗಾಡಿ, ಮೊಮೊ ಡಬ್ಬಿ. ಮೊಬೈಲ್ ರೀಚಾರ್ಜಿನ ಅಂಗಡಿ, ಊರಿಗೆ ಹಣ ಕಳಿಸುವ ಅಂಗಡಿ, ರೈಲು ಟಿಕೆಟ್ ಮಾಡಿಕೊಡುವ ಅಂಗಡಿ. ಹಲವು ಸಲ ಮೂರೂ ಒಂದೇ ಅಂಗಡಿ. ಛಠ್ ಹಬ್ಬ ಹತ್ತಿರ ಬಂದಾಗ ಆ ಅಂಗಡಿಯ ಮುಂದೆ ನಿಲ್ಲುವ ಸಾಲು ಅಂಬಾರಿ ಬಸ್ಸಿನ ಸಾಲಿಗಿಂತ ಉದ್ದ. ಲಿಟ್ಟಿಯನ್ನು ಇಲ್ಲಿ ತಿನ್ನಬೇಕು. ಹುರಿಗಡಲೆ ಹಿಟ್ಟಿನ ಹೂರಣ, ಸಾಸಿವೆ ಎಣ್ಣೆಯ ಘಾಟು, ಪಕ್ಕದಲ್ಲಿ ಸುಟ್ಟ ಬದನೆಯ ಚೋಖಾ. ಬದನೆಯನ್ನು ಕೆಂಡದಲ್ಲಿ ಸುಟ್ಟು ಗೊಜ್ಜು ಮಾಡಿ ಗೊತ್ತಿರುವ ಕನ್ನಡದ ನಾಲಿಗೆಗೆ ಚೋಖಾ ದೂರದ ನೆಂಟನಂತೆ ತೋರುತ್ತದೆ, ಮುಖಪರಿಚಯ ಹತ್ತುತ್ತದೆ.

ಹೆದ್ದಾರಿಯ ಆಚೆ ಬದಿಗೆ ದಾಟುವುದು ಸುತ್ತಿನ ಕಷ್ಟದ ಭಾಗ. ಗ್ವಾನಹ್ವಾತೊ ಕಾರನ್ನು ನೆಲದಡಿಗೆ ಇಳಿಸಿತು. ಕಾರು ಮಾಡುವ ಊರಿನಲ್ಲಿ ಆ ಅವಿಧೇಯತೆ ನಡೆಯದು. ದೆಹಲಿ–ಗುಡಗಾಂವ್ ಎಕ್ಸ್‌ಪ್ರೆಸ್ ರಸ್ತೆ 2008ರಲ್ಲಿ, ದೆಹಲಿಯನ್ನು ಹೊರಗಿನಿಂದ ಬಳಸುವ ಕುಂಡಲಿ–ಮಾನೇಸರ್–ಪಲ್ವಲ್ ಎಕ್ಸ್‌ಪ್ರೆಸ್ ರಸ್ತೆ 2018ರಲ್ಲಿ ಪೂರ್ತಿ ತೆರೆದವು. ಲಾರಿಗಳಿಗೆ ಇದರಿಂದ ಅನುಕೂಲವಾಯಿತು. ಕಾಲಿನಲ್ಲಿ ನಡೆಯುವವನು ಈಗಲೂ ಒಂದು ಕೈ ಎತ್ತಿ, ಇಷ್ಟದೈವವನ್ನು ನೆನೆದು ದಾಟುತ್ತಾನೆ.

ಅರಾವಳಿಯ ತಪ್ಪಲಿನಲ್ಲಿ ಬೇರೊಂದು ಬಗೆಯ ಗೋಡೆ ಸಿಗುತ್ತದೆ. ಅದು ರಾಷ್ಟ್ರೀಯ ಭದ್ರತಾ ದಳದ ನೆಲೆ. 1984ರಲ್ಲಿ ಹುಟ್ಟಿದ, ಕಪ್ಪು ಉಡುಪಿನಿಂದಾಗಿ ಬ್ಲ್ಯಾಕ್ ಕ್ಯಾಟ್ ಎಂದು ಹೆಸರಾದ ಪಡೆ ಇಲ್ಲಿ ತರಬೇತಾಗುತ್ತದೆ. ಮಾನೇಸರದಿಂದ ಹೊರಟ ರಾತ್ರಿ ಪ್ರಯಾಣಗಳಲ್ಲಿ ದೇಶಕ್ಕೆಲ್ಲ ಗೊತ್ತಿರುವುದು 2008ರ ನವೆಂಬರ್ 26ರದು. ಮುಂಬೈಯಲ್ಲಿ ದಾಳಿ ಆರಂಭವಾದ ರಾತ್ರಿ ಕಮಾಂಡೊಗಳು ಇಲ್ಲಿಂದ ರಸ್ತೆಯಲ್ಲಿ ಪಾಲಂಗೆ ಹೋಗಿ, ಚಂಡೀಗಢದಿಂದ ಬರಬೇಕಿದ್ದ ವಿಮಾನಕ್ಕೆ ಕಾದು, ಮುಂಬೈ ಮುಟ್ಟಿದಾಗ ಬೆಳಗಾಗುತ್ತಿತ್ತು. ಅವರಲ್ಲಿ ಬೆಂಗಳೂರಿನಲ್ಲಿ ಬೆಳೆದ ಮೇಜರ್ ಸಂದೀಪ್ ಉನ್ನಿಕೃಷ್ಣನ್ ಇದ್ದರು. ನವೆಂಬರ್ 28ರಂದು ತಾಜ್ ಹೋಟೆಲಿನಲ್ಲಿ, ಗಾಯಗೊಂಡ ಜೊತೆಗಾರನನ್ನು ಸಾಗಿಸಲು ಏರ್ಪಾಟು ಮಾಡಿ ಭಯೋತ್ಪಾದಕರನ್ನು ಬೆನ್ನಟ್ಟಿದಾಗ ಅವರು ಸತ್ತರು; ವಯಸ್ಸು 31. ಮರುವರ್ಷ ಅಶೋಕ ಚಕ್ರ ಬಂತು. ಯಲಹಂಕದ ಕಡೆ ಅವರ ಹೆಸರಿನ ರಸ್ತೆಯಲ್ಲಿ ಓಡಾಡುವವರಿಗೆ ಮಾನೇಸರ್ ಎಂಬ ಹೆಸರು ಈ ಒಂದು ಕಾರಣಕ್ಕಾದರೂ ತಿಳಿದಿರಬೇಕು. ಮಾನೇಸರದಿಂದ ಮುಂಬೈ ಅಷ್ಟು ದೂರ ಎಂಬುದು ಆ ರಾತ್ರಿ ಮನವರಿಕೆಯಾದದ್ದರಿಂದಲೇ ಮುಂದಿನ ವರ್ಷ ಮುಂಬೈ, ಚೆನ್ನೈ, ಹೈದರಾಬಾದ್, ಕೋಲ್ಕತ್ತಗಳಲ್ಲಿ ದಳದ ಉಪನೆಲೆಗಳಾದವು. ಬಾಂಬುಗಳ ಅಧ್ಯಯನ ಮಾಡುವ ದಳದ ಕೇಂದ್ರವೂ ಮಾನೇಸರದಲ್ಲಿದೆ. 2016ರ ಜನವರಿಯಲ್ಲಿ ಪಠಾಣ್‌ಕೋಟ್ ವಾಯುನೆಲೆಯಲ್ಲಿ ಸ್ಫೋಟಕ ತೆರವು ಮಾಡುವಾಗ ಸತ್ತ ಲೆಫ್ಟಿನೆಂಟ್ ಕರ್ನಲ್ ನಿರಂಜನ್ ಇದೇ ದಳದವರು, ಅವರದೂ ಬೆಂಗಳೂರಿನ ಮನೆ. ಈ ಗೋಡೆಯ ಬಳಿ ಫೋಟೊ ತೆಗೆಯಲು ಹೋಗಬಾರದು, ಹೆಚ್ಚು ಹೊತ್ತು ನಿಲ್ಲಲೂ ಬಾರದು.

ಗೋಡೆಗಳ ಊರಿಗೆ ಇನ್ನೊಂದು ಕೆಲಸವೂ ಒಮ್ಮೆ ಬಿತ್ತು. 2020ರ ಫೆಬ್ರವರಿ 1ರಂದು ಚೀನಾದ ವುಹಾನ್‌ನಿಂದ ವಿಮಾನದಲ್ಲಿ ಬಂದಿಳಿದ 324 ಭಾರತೀಯರಲ್ಲಿ ಬಹುಪಾಲು ವಿದ್ಯಾರ್ಥಿಗಳನ್ನು ಎರಡು ವಾರ ಪ್ರತ್ಯೇಕವಾಗಿ ಇರಿಸಲು ಸೇನೆ ಮಾನೇಸರದಲ್ಲಿ ಶಿಬಿರ ಮಾಡಿತು. ಕ್ವಾರಂಟೈನ್ ಎಂಬ ಪದ ಕನ್ನಡದ ಪತ್ರಿಕೆಗಳಲ್ಲಿ ದಿನಬಳಕೆಗೆ ಬರುವ ಮೊದಲೇ ಅದು ಇಲ್ಲಿ ಬಂದು ಬಿಡಾರ ಹೂಡಿತ್ತು. ತಪ್ಪಲಿನ ಮತ್ತೊಂದು ಆವರಣ ರಾಷ್ಟ್ರೀಯ ಮಿದುಳು ಸಂಶೋಧನಾ ಕೇಂದ್ರದ್ದು. ರಾಷ್ಟ್ರಪತಿ ಅಬ್ದುಲ್ ಕಲಾಂ 2003ರ ಡಿಸೆಂಬರಿನಲ್ಲಿ ಅದನ್ನು ದೇಶಕ್ಕೆ ಅರ್ಪಿಸಿದರು. ಕೈಯನ್ನು ಬಾಡಿಗೆಗೆ ಪಡೆಯುವ ಊರಿನಲ್ಲಿ ಮಿದುಳಿಗೂ ಒಂದು ಮೂಲೆ ಸಿಕ್ಕಿದೆ.

ಪ್ರವಾಸಿಗೆಂದೇ ಏರ್ಪಾಡಾದ ಸ್ಥಳ ಬೇಕೆನ್ನುವವರು ತಾವಡೂ ಕಡೆಯ ಸಾರಿಗೆ ವಸ್ತುಸಂಗ್ರಹಾಲಯಕ್ಕೋ, ಹದಿನೆಂಟನೆಯ ಶತಮಾನದ ಶೀಶ್ ಮಹಲ್ ಇರುವ ಫರ್ರುಖ್‌ನಗರಕ್ಕೋ ಹಗಲಿನಲ್ಲೇ ಹೋಗಿಬರಬಹುದು. ಅವು ಸಂಜೆ ಸುತ್ತಿಗೆ ಒದಗುವುದಿಲ್ಲ.

ಗ್ವಾನಹ್ವಾತೊಗೆ ಮರಳಿ ಒಂದು ಮಾತು. ಆ ಊರು ಹಾಡಿನಿಂದ ಬದುಕುತ್ತದೆ, ಅದರ ಹೆಸರನ್ನೇ ಹೊತ್ತ ರಾಜ್ಯ ಬದುಕುವುದು ಕಾರಿನಿಂದ. ಸಿಲಾವೊದಲ್ಲಿ ಜನರಲ್ ಮೋಟಾರ್ಸ್, ಸಾಲಾಮಾಂಕಾದಲ್ಲಿ ಮಾಜ್ದಾ, ಸೆಲಾಯಾದಲ್ಲಿ 2014ರಿಂದ ಹೋಂಡಾ. ನಿಲುವಂಗಿಯ ಮೇಳ ಮುತ್ತಿನ ಗಲ್ಲಿಯಲ್ಲಿ ಹಾಡುತ್ತಿರುವ ಹೊತ್ತಿಗೆ ಆ ಬಯಲಿನಲ್ಲೂ ಕಂಪನಿ ಬಸ್ಸುಗಳು ಪಾಳಿಯ ಜನರನ್ನು ಇಳಿಸುತ್ತಿರುತ್ತವೆ. ಪ್ರವಾಸಿಗಳನ್ನು ಅಲ್ಲಿಗೆ ಯಾವ ಹಾಡುಗಾರನೂ ಕರೆದೊಯ್ಯುವುದಿಲ್ಲ. ಮೆಕ್ಸಿಕೊದ ಆ ರಾಜ್ಯ ತನ್ನ ಮಾನೇಸರವನ್ನು ಒಂದು ಕಡೆ, ಮೈಸೂರನ್ನು ಇನ್ನೊಂದು ಕಡೆ ಇಟ್ಟುಕೊಂಡಿದೆ. ತೋರಿಸುವುದು ಎರಡನೆಯದನ್ನು ಮಾತ್ರ.

ಮಾನೇಸರವನ್ನು ನೋಡಹೋಗುವವರು ನವೆಂಬರಿನ ಮೊದಲ ದಿನಗಳನ್ನೋ ಫೆಬ್ರವರಿ ಕೊನೆಯನ್ನೋ ಆರಿಸಿಕೊಳ್ಳುವುದು ಒಳ್ಳೆಯದು. ಜೂನಿನಲ್ಲಿ ಸೂರ್ಯ ಮುಳುಗಿದ ಮೇಲೂ ಗೋಡೆಗಳು ಕಾವು ಉಗುಳುತ್ತಿರುತ್ತವೆ. ಜನವರಿಯ ಮಂಜಿನಲ್ಲಿ ಗೇಟೇ ಕಾಣುವುದಿಲ್ಲ. ಗಟ್ಟಿ ಚಪ್ಪಲಿ ಬೇಕು, ಚಿಲ್ಲರೆ ಬೇಕು, ಕೇಳಿಸಿಕೊಳ್ಳುವ ತಾಳ್ಮೆ ಬೇಕು. ಗೈಡ್‌ನನ್ನು ಪಾಳಿ ಮುಗಿಸಿ ಬರುವವರಲ್ಲೇ ಹುಡುಕಿಕೊಳ್ಳಬೇಕು. ಒಂದು ತಟ್ಟೆ ಲಿಟ್ಟಿಯ ಖರ್ಚು ಇವರದು, ಊರಿನ ಕಥೆ ಅವನದು. ಭಾನುವಾರ ಮಾತ್ರ ಬೇಡ. ಅಂದು ಅವನಿಗೆ ವಾರದ ಬಟ್ಟೆ ಒಗೆಯುವುದಿರುತ್ತದೆ.